ಒಂದು ಟಿ ಇತ್ತೋ ಎರಡಿತ್ತೋ

ಕಣ್ಣು ಕಾಣದ ಒಬ್ಬರಿಗೆ ಓದಿ ಹೇಳುವ ಕೆಲಸಕ್ಕೆ ನಾನು ಸೇರಿದ್ದು ಶಾಮ್‌ಬರ್ಗ್‌ನ ಲೈಬ್ರರಿಯಲ್ಲಿ ಅಂಟಿಸಿದ್ದ ಚೀಟಿ ನೋಡಿ. ಕೆಲಸ ಎಂದರೆ ನಿಜವಾದ ಕೆಲಸವಲ್ಲ. ಗಂಡನ ವೀಸಾದ ಬಾಲ ಹಿಡಿದು ಬಂದ ಹೆಂಡತಿ ತನ್ನದೇ ಕೆಲಸದ ಪರ್ಮಿಟ್ ಬರುವವರೆಗೆ ಈ ದೇಶಕ್ಕೆ ಪುಕ್ಕಟೆಯಾಗಿ ಮಾತ್ರ ಉಪಯೋಗಕ್ಕೆ ಬರಬಹುದು. ಮೈಸೂರಿನಲ್ಲಿ ಆರು ವರ್ಷ ಪಿಯುಸಿ ಮಕ್ಕಳಿಗೆ ಇಂಗ್ಲಿಷ್ ಪಾಠ ಮಾಡಿದ್ದವಳು ಇಲ್ಲಿ ಮೂರು ವರ್ಷದಿಂದ ಮಗಳ ಶಾಲೆಯ ಈಮೇಲ್‌ಗಳನ್ನು ಬಿಟ್ಟರೆ ಹೆಚ್ಚೇನೂ ಓದಿರಲಿಲ್ಲ. ಚೀಟಿಯಲ್ಲಿ, ವಾರಕ್ಕೆ ಎರಡು ಮಧ್ಯಾಹ್ನ ಹಳೆಯ ಸ್ಕಾಟಿಷ್ ಬರಹಗಳನ್ನು ಗಟ್ಟಿಯಾಗಿ ಓದುವವರು ಬೇಕು, ತಾಳ್ಮೆ ಇರಲಿ ಎಂದಿತ್ತು.

ಮನೆಗೆ ಬಂದು ಗಂಡನಿಗೆ ಹೇಳಿದೆ.

“ಸ್ಕಾಟಿಷಾ? ನಿಂಗೆ ಬರತ್ತಾ?”

“ಇಂಗ್ಲಿಷ್ ಥರಾನೇ ಇರತ್ತೆ ಅನ್ಸತ್ತೆ.”

“ಟ್ರೈ ಮಾಡು. ಡೌನರ್ಸ್ ಗ್ರೋವ್ ಅಂದ್ರೆ ಅರ್ಧ ಗಂಟೆ ಡ್ರೈವ್ ಅಷ್ಟೇ,” ಎಂದ. ಅವನಿಗೆ ಯಾವ ವಿಷಯವನ್ನಾದರೂ ಅದು ಎಷ್ಟು ನಿಮಿಷದ ಡ್ರೈವ್ ಎಂಬುದರ ಮೇಲೆ ಅಳೆಯುವ ಅಭ್ಯಾಸ.

ರೈಲು ಹಳಿಯ ಪಕ್ಕದ ಹಳೆಯ ಇಟ್ಟಿಗೆ ಮನೆ. ಬಾಗಿಲು ತೆರೆದವರು ಎಂಬತ್ತೊಂದು ವರ್ಷದ ನಿವೃತ್ತ ಪ್ರೊಫೆಸರ್. ಸ್ಕಾಟ್ಲೆಂಡಿನ ನಾನ್ನೂರು ವರ್ಷ ಹಿಂದಿನ ಸಾಹಿತ್ಯ, ಆಗಿನ ಅರಸರು, ಆಗಿನ ಚರ್ಚು, ಇವನ್ನು ನಲವತ್ತು ವರ್ಷ ಪಾಠ ಮಾಡಿದವರು. ಸ್ವತಃ ಪಾದ್ರಿಯ ಮಗಳು. ಅವರ ನೋಟದ ನಡುಭಾಗ ಅಳಿಸಿಹೋಗಿ ಅಂಚು ಮಾತ್ರ ಉಳಿದಿತ್ತು. ಹಾಗಾಗಿ ನನ್ನ ಮುಖ ಕಾಣಬೇಕೆಂದರೆ ಅವರು ಪಕ್ಕದ ಫ್ರಿಜ್ಜನ್ನು ದಿಟ್ಟಿಸಬೇಕಿತ್ತು. ಮೊದಲ ವಾರ ನಾನೂ ಅವರ ಜೊತೆ ಫ್ರಿಜ್ಜನ್ನೇ ನೋಡುತ್ತಾ ಮಾತಾಡಿದೆ.

“ನನ್ನನ್ನು ಹೆಸರು ಹಿಡಿದು ಕರಿ,” ಎಂದರು. “ಆಗಲಿ ಮೇಡಂ,” ಎಂದೆ. ಆ ಚರ್ಚೆ ಅಲ್ಲಿಗೆ ಮುಗಿಯಿತು. ನಮ್ಮ ಮಾತೆಲ್ಲ ಇಂಗ್ಲಿಷಿನಲ್ಲೇ ನಡೆಯುತ್ತಿತ್ತು, ಇಲ್ಲಿ ಕನ್ನಡದಲ್ಲಿ ಬರೆಯುತ್ತಿದ್ದೇನೆ.

ಮೊದಲ ದಿನ ಕೊಟ್ಟ ಹಾಳೆಯಲ್ಲಿದ್ದದ್ದು ಇಂಗ್ಲಿಷಿನ ದಾಯಾದಿ ಭಾಷೆ. ಪದಗಳು ಪರಿಚಯದವು ಎನ್ನಿಸುತ್ತವೆ, ಹತ್ತಿರ ಹೋದರೆ ಬೇರೆ ಯಾರೋ. ನನಗೆ ತಿಳಿದದ್ದು ಒಂದೇ ದಾರಿ, ಬರೆದಂತೆ ಓದುವುದು. ಅಕ್ಷರ ಬಿಡದೆ ಓದಿದೆ. ಒಂದು ಪ್ಯಾರಾ ಆದಮೇಲೆ ಅವರು ಕೈ ಎತ್ತಿದರು.

“ನೀನು ನಾಲಿಗೆ ಅದುರಿಸಿ ‘ರ’ ಹೇಳುತ್ತೀಯ.”

“ಕ್ಷಮಿಸಿ ಮೇಡಂ.”

“ಕ್ಷಮೆ ಏಕೆ? ಇಲ್ಲಿನ ಹುಡುಗರಿಗೆ ಇದನ್ನು ಹೇಳಿಕೊಡಲು ಹೋಗಿ ನಲವತ್ತು ವರ್ಷ ಸೋತಿದ್ದೇನೆ. ಮುಂದುವರಿಸು.”

ಬಾರದಿದ್ದದ್ದು ಒಂದೇ ಧ್ವನಿ. ‘ರಾತ್ರಿ’, ‘ಮಗಳು’ ಎನ್ನಲು ಆ ಭಾಷೆಯಲ್ಲಿರುವ ಪದಗಳ ನಡುವೆ ಗಂಟಲಿನಿಂದ ಎಳೆದು ತೆಗೆಯಬೇಕಾದ ಒಂದು ಸದ್ದು. ನಾನು ‘ಖ’ ಎನ್ನುತ್ತಿದ್ದೆ, ಅವರು ತಲೆ ಆಡಿಸುತ್ತಿದ್ದರು. ಅದನ್ನು ಕಲಿಸಿದವರು ನಮ್ಮ ಅಪಾರ್ಟ್‌ಮೆಂಟಿನ ಕೆಳಗಿನ ಮನೆಯ ಆಂಟಿ. ವಿಜಯಪುರದವರು. ಅವರ ಯಜಮಾನರು ದಿನಸಿ ಅಂಗಡಿ ಇಟ್ಟಿದ್ದಾರೆ. ಆಂಟಿ ಮಧ್ಯಾಹ್ನದ ನಮಾಜು ಮುಗಿಸಿ ನಮ್ಮ ಮನೆಗೆ ಚಹಾಕ್ಕೆ ಬರುತ್ತಿದ್ದರು. ನಾನು ಒಬ್ಬಳೇ ಕೂತು ಖ, ಖ ಎಂದು ಕೆಮ್ಮುವುದನ್ನು ಕೇಳಿ, ಮೊದಲು ಬಿಸಿನೀರು ಕುಡಿ ಎಂದರು. ವಿಷಯ ತಿಳಿದಮೇಲೆ ನಕ್ಕರು.

“ಬರೇ ಖ ಅಲ್ಲವ್ವಾ ಅದು. ಗಂಟಲದಾಗಿಂದ ಬರಬೇಕ. ಖರ್ಬೂಜಾ ಅನ್ನು. ಖಬರ್ ಅನ್ನು. ನಮ್ಮ ಅಬ್ಬಾ ನಾವು ಹಂಗ ಅನ್ನದಿದ್ರ ಊಟಕ್ಕ ಕೂಡಸ್ತಿರಲಿಲ್ಲ.”

ಹದಿನೈದು ದಿನ ಖರ್ಬೂಜದ ಮೇಲೆ ಸಾಧನೆ ನಡೆಯಿತು. ಮುಂದಿನ ಮಂಗಳವಾರ ನಾನು ಓದಿದಾಗ ಪ್ರೊಫೆಸರ್ ಕುರ್ಚಿಯಲ್ಲಿ ನೆಟ್ಟಗೆ ಕೂತರು. ಹೊಗಳಲಿಲ್ಲ, ಒಂದು ಬಿಸ್ಕತ್ತು ಹೆಚ್ಚಿಗೆ ಕೊಟ್ಟರು.

ಅವರು ಬರೆಯುತ್ತಿದ್ದ ಪುಸ್ತಕ ಒಬ್ಬ ಅರಸನ ಕಾಲದ್ದು. ಒಂದು ವರ್ಷದ ಕೂಸಾಗಿದ್ದಾಗಲೇ ಅವನನ್ನು ಪಟ್ಟಕ್ಕೆ ಕೂರಿಸಿದ್ದರು. ತಾಯಿ ರಾಣಿ ದೇಶ ಬಿಟ್ಟು ಓಡಿ, ಕೊನೆಗೆ ಪಕ್ಕದ ದೇಶದಲ್ಲಿ ತಲೆ ಕಳೆದುಕೊಂಡಳು. ಮಗ ಹದಿನೆಂಟಕ್ಕೆ ಪದ್ಯ ಹೇಗೆ ಬರೆಯಬೇಕೆಂದು ಪುಸ್ತಕ ಬರೆದ, ಮೂವತ್ತು ದಾಟಿದ ಮೇಲೆ ಮಾಟಗಾತಿಯರನ್ನು ಹೇಗೆ ಗುರುತಿಸಬೇಕೆಂದು ಇನ್ನೊಂದು. ಆಸ್ಥಾನದಲ್ಲಿ ಇಬ್ಬರು ಕವಿಗಳು ಎದುರುಬದುರು ನಿಂತು ಒಬ್ಬರನ್ನೊಬ್ಬರು, ಅವರವರ ಹುಟ್ಟು, ಹಲ್ಲು, ಕಜ್ಜಿ ಒಂದನ್ನೂ ಬಿಡದೆ ಪ್ರಾಸ ಕಟ್ಟಿ ಬೈಯುವ ಸ್ಪರ್ಧೆ ಅವನಿಗೆ ಬಹಳ ಇಷ್ಟ. ಆ ಬೈಗುಳಕ್ಕೆ ಅವರ ಭಾಷೆಯಲ್ಲಿ ಫ್ಲೈಟಿಂಗ್ ಎನ್ನುತ್ತಾರೆ. ಆಂಟಿಗೆ ಹೇಳಿದಾಗ ಅವರಿಗೆ ಒಂದಿಷ್ಟೂ ಆಶ್ಚರ್ಯವಾಗಲಿಲ್ಲ.

“ಹರದೇಶಿ-ನಾಗೇಶಿ ಅಲಾ? ನಮ್ಮ ಕಡೆ ಎರಡು ಮೇಳದವರು ಎದುರಾಬದುರು ನಿಂತು ರಾತ್ರಿ ಪೂರ್ತಿ ಹಾಡತಾರ. ಮತ್ತ ನಮ್ಮ ವಿಜಾಪುರದಾಗೂ ಆವಾಗ ಒಬ್ಬ ಸುಲ್ತಾನ ಇದ್ದ ನೋಡು, ತಾನ ಹಾಡು ಕಟ್ಟತಿದ್ದ. ಸರಸ್ವತಿ ಮ್ಯಾಲೆ.”

ಇದನ್ನು ಪ್ರೊಫೆಸರ್‌ಗೆ ದಾಟಿಸಿದೆ. ಇಬ್ಬರದೂ ಒಂದೇ ಕಾಲ ಎಂದು ಲೆಕ್ಕ ಹಾಕಿ ಕೇಳಿದರು.

“ಆ ಸುಲ್ತಾನ ಮಾಟಗಾತಿಯರನ್ನು ಸುಡಿಸಿದನೆ?”

“ಕೇಳಿಲ್ಲ ಮೇಡಂ. ಇಲ್ಲ ಅನ್ನಿಸುತ್ತದೆ.”

“ಹಾಗಾದರೆ ನಮ್ಮವನಿಗಿಂತ ಒಳ್ಳೆಯ ಕವಿ ಇರಬೇಕು.”

ಪುಸ್ತಕದ ಜೀವವೆಲ್ಲ ಇದ್ದದ್ದು ಕೊನೆಯ ಅಧ್ಯಾಯದಲ್ಲಿ. ಆ ಕಾಲದಲ್ಲಿ ಪ್ರತಿ ಊರಿನ ಚರ್ಚಿನಲ್ಲೂ ಹಿರಿಯರ ಒಂದು ಸಭೆ ಇರುತ್ತಿತ್ತು. ಯಾರು ಜಗಳವಾಡಿದರು, ಯಾರು ಭಾನುವಾರ ಬಟ್ಟೆ ಒಗೆದರು, ಯಾರು ಉಪದೇಶದ ನಡುವೆ ಗೊರಕೆ ಹೊಡೆದರು ಎಂದು ವಿಚಾರಿಸಿ, ದಂಡಿಸಿ, ಬರೆದಿಡುವುದು ಅದರ ಕೆಲಸ. ತಪ್ಪು ಮಾಡಿದವರು ಇಡೀ ಸಭೆಯ ಎದುರು ಪಶ್ಚಾತ್ತಾಪದ ಸ್ಟೂಲಿನ ಮೇಲೆ ಕೂರಬೇಕು. ಅಂಥ ಒಂದು ಪುಸ್ತಕದಲ್ಲಿ, ಬೇರೆಯವರ ಮನೆಯಲ್ಲಿ ಆಳಾಗಿದ್ದ ಹೆಂಗಸೊಬ್ಬಳನ್ನು ಮೂರು ಭಾನುವಾರ ಸ್ಟೂಲಿನ ಮೇಲೆ ಕೂರಿಸಿದ ದಾಖಲೆ ಇತ್ತು. ಅಪರಾಧ: ಭಾನುವಾರ ಫ್ಲೈಟಿಂಗ್. ಆಸ್ಥಾನದ ಕವಿ ಬೈದರೆ ಅರಸನ ಮೆಚ್ಚುಗೆ, ಅದೇ ಕಲೆ ಆಳುಮಗಳ ಬಾಯಲ್ಲಿ ಬಂದರೆ ಸ್ಟೂಲು. ಪ್ರೊಫೆಸರ್ ಈ ಹೆಂಗಸಿನ ಮೇಲೆ ಮೂವತ್ತು ವರ್ಷ ಹಿಂದೆ ಬರೆದ ಪ್ರಬಂಧದಿಂದಲೇ ಹೆಸರಾದವರು.

ಪ್ರಬಂಧ ಬಂದ ಮರುವರ್ಷವೇ ಡೆಟ್ರಾಯಿಟ್ ಕಡೆಯ ಇನ್ನೊಬ್ಬ ಪ್ರೊಫೆಸರ್, ಹುಟ್ಟಾ ಸ್ಕಾಟ್ಲೆಂಡಿನವರು, ಒಂದು ಅಡಿಟಿಪ್ಪಣಿ ಬರೆದರು. ಆ ಪದದಲ್ಲಿ ಇರುವುದು ಒಂದು ಟಿ ಅಲ್ಲ, ಎರಡು. ಅದು ಫ್ಲೈಟಿಂಗ್ ಅಲ್ಲ, ಫ್ಲಿಟಿಂಗ್, ಅಂದರೆ ಮನೆ ಬದಲಿಸುವುದು. ಆ ಹೆಂಗಸು ಯಾರನ್ನೂ ಬೈದಿಲ್ಲ, ಭಾನುವಾರ ಮನೆ ಸಾಮಾನು ಸಾಗಿಸಿದ್ದಾಳೆ, ಅಷ್ಟೇ. ಕನ್ನಡದವರಿಗೆ ಇದನ್ನು ಹೆಚ್ಚು ಬಿಡಿಸಿ ಹೇಳಬೇಕಾಗಿಲ್ಲ. ಒಂದು ತ ಇದ್ದರೆ ಕತೆ, ಎರಡಿದ್ದರೆ ಕತ್ತೆ. ಆ ಪುಟವನ್ನು ಫಿಲ್ಮಿನಲ್ಲಿ ಸೆರೆಹಿಡಿದಿದ್ದ ಹಳೆಯ ಪ್ರತಿಯಲ್ಲಿ ಆ ಜಾಗಕ್ಕೇ ಒಂದು ಕಲೆ ಬಿದ್ದಿತ್ತು. ಅಂದಿನಿಂದ ಇಬ್ಬರೂ ಮಾತಾಡಿರಲಿಲ್ಲ.

ಅಕ್ಟೋಬರಿನಲ್ಲಿ ಡೆಟ್ರಾಯಿಟ್ ಹತ್ತಿರ ಒಂದು ಸಮ್ಮೇಳನ. ಪ್ರೊಫೆಸರ್ ಆ ಅಧ್ಯಾಯವನ್ನೇ ಮಂಡಿಸುವವರಿದ್ದರು. ಓದಲು ಕಣ್ಣಿಲ್ಲ, ಆದ್ದರಿಂದ ವೇದಿಕೆಯಲ್ಲಿ ಓದಬೇಕಾದವಳು ನಾನು. ಆ ಪ್ರೊಫೆಸರೂ ಬರುತ್ತಾರೆ ಎಂದು ಗೊತ್ತಿತ್ತು. “ಬರಲಿ,” ಎಂದರು. ಅದಕ್ಕೆಂದೇ ಹೊಸ ಸ್ವೆಟರ್ ತರಿಸಿದ್ದರು.

ಹೊರಡಲು ಒಂದು ವಾರವಿದ್ದಾಗ, ಆ ಚರ್ಚಿನ ಪುಸ್ತಕದ ಹೊಸ ಫೋಟೋಗಳನ್ನು ಇಂಟರ್ನೆಟ್ಟಿಗೆ ಹಾಕಿದ್ದಾರೆಂದು ಗೊತ್ತಾಯಿತು, ಪ್ರೊಫೆಸರ್‌ಗೂ ಫೋನಿನಲ್ಲಿ ಹೇಳಿದೆ. ಓದುವ ಅಭ್ಯಾಸಕ್ಕೆಂದು ಮನೆಯಲ್ಲಿ ಲ್ಯಾಪ್‌ಟಾಪ್ ತೆರೆದು ಆ ಪುಟವನ್ನು ದೊಡ್ಡದು ಮಾಡಿದೆ. ಕಲೆ ತೆಳುವಾಗಿತ್ತು. ಪದ ನಿಚ್ಚಳವಾಗಿತ್ತು. ಒಂಬತ್ತು ವರ್ಷದ ಮಗಳು ಹೆಗಲ ಮೇಲಿಂದ ಬಗ್ಗಿದಳು.

“ಪುಟ್ಟಿ, ಇಲ್ಲಿ ಎಷ್ಟು ಟಿ ಇದೆ ನೋಡು.”

“ಟೂ,” ಎಂದಳು. “ಅಮ್ಮಾ, ಇಟ್ಸ್ ಲೈಕ್, ಸೋ ಆಬ್ವಿಯಸ್.”

ಮೂವತ್ತು ವರ್ಷದ ವಾದ ತೀರ್ಮಾನವಾಗಲು ನಾಲ್ಕು ಸೆಕೆಂಡು ಹಿಡಿಯಿತು. ಪ್ರೊಫೆಸರ್‌ಗೆ ಇದು ಯಾವತ್ತೂ ಕಾಣುವುದಿಲ್ಲ. ನಾನು ಹೇಳಿದರೆ ಮಾತ್ರ ಇದೆ, ಹೇಳದಿದ್ದರೆ ಇಲ್ಲ. ಅಷ್ಟು ಅಧಿಕಾರ ನನಗೆ ಯಾರೂ ಯಾವತ್ತೂ ಕೊಟ್ಟಿರಲಿಲ್ಲ, ಬೇಕೂ ಇರಲಿಲ್ಲ.

ಸಾಫ್ಟ್‌ವೇರ್ ಕೆಲಸದ ಗಂಡನ ಸಲಹೆ ಸರಳವಾಗಿತ್ತು. “ಈಗ ಹೇಳ್ಬೇಡ. ಪ್ರೆಸೆಂಟೇಶನ್ ಮುಗೀಲಿ, ಆಮೇಲೆ ಹೇಳು. ರಿಲೀಸ್ ಹಿಂದಿನ್ ವಾರ ಯಾರೂ ಬಗ್ ಹುಡ್ಕಲ್ಲ.”

ಆಂಟಿ ಚಹಾದ ಲೋಟ ಕೆಳಗಿಟ್ಟರು. “ಮಾತು ಅವರದದ, ಕಣ್ಣು ನಿಂದದ. ಅವರು ನಿನ್ನ ಕಣ್ಣಿನ ಮ್ಯಾಲೆ ನಂಬಿಗಿ ಇಟ್ಟಾರ. ಅದಕ್ಕ ಸುಳ್ಳ ಕಲಸಬ್ಯಾಡವಾ.”

ಆದರೂ ಮಂಗಳವಾರ ಹೇಳಲಿಲ್ಲ. ಗುರುವಾರವೂ ಹೇಳಲಿಲ್ಲ. ಎರಡೂ ದಿನ ಪ್ರಬಂಧವನ್ನು ಪೂರ್ತಿ ಓದಿ ಅಭ್ಯಾಸ ಮಾಡಿದೆವು.

ಶುಕ್ರವಾರ ಬೆಳಿಗ್ಗೆ ಏಳಕ್ಕೆ ಅವರ ಹಳೆಯ ಕಾರಿನಲ್ಲಿ ಹೊರಟೆವು. ಡ್ರೈವ್ ಮಾಡಿದವಳು ನಾನು. ಇಂಡಿಯಾನಾ ದಾಟಿ, ಮಿಷಿಗನ್ನಿನೊಳಗೆ ಸ್ವಲ್ಪ ದೂರ ಹೋದಮೇಲೆ ಒಂದು ರೆಸ್ಟ್ ಏರಿಯಾದಲ್ಲಿ ನಿಲ್ಲಿಸಿದೆ. ಹೊರಗೆ ಇಲ್ಲಿನ ಫ್ಯಾರನ್‌ಹೀಟ್ ಲೆಕ್ಕದಲ್ಲಿ ನಲವತ್ತೆರಡು ಡಿಗ್ರಿ, ಅಂದರೆ ಕೊರೆಯುವ ಚಳಿ. ಕಾರಿನಲ್ಲೇ ಕೂತು ನಾನು ಕಟ್ಟಿಕೊಂಡು ಬಂದಿದ್ದ ಚಿತ್ರಾನ್ನವನ್ನು ಅವರು ಚಮಚದಲ್ಲಿ ತಿಂದರು. ಕಡಲೆಬೀಜಗಳನ್ನು ಒಂದೊಂದಾಗಿ ಹುಡುಕಿ ಮೊದಲು ಮುಗಿಸಿದರು.

“ಮೇಡಂ, ಒಂದು ವಿಷಯ ಹೇಳಬೇಕು.”

“ಎಷ್ಟು ಟಿ?” ಎಂದರು.

“ನಿಮಗೆ ಹೇಗೆ ಗೊತ್ತಾಯಿತು ಮೇಡಂ?” ಎಂದೆ.

“ಹೊಸ ಫೋಟೋ ಬಂದಿದೆ ಎಂದು ಹೇಳಿದವಳು ನೀನೇ. ಆಮೇಲೆ ಅದರ ಸುದ್ದಿ ಎತ್ತಲಿಲ್ಲ. ಎರಡು ದಿನವೂ ಆ ಪದ ಬಂದಾಗಲೆಲ್ಲ ನಿನ್ನ ದನಿ ಇಳಿಯುತ್ತಿತ್ತು. ನನಗೆ ಹೋಗಿರುವುದು ಕಣ್ಣು.”

“ಎರಡು ಮೇಡಂ.”

“ಖಂಡಿತವಾಗಿ?”

“ಮಗಳಿಗೂ ತೋರಿಸಿದೆ.”

ಅವರು ಡಬ್ಬಿಯ ಮುಚ್ಚಳ ಹಾಕಿದರು. ಸರಿಯಾಗಿ ಕೂರಲಿಲ್ಲ, ತೆಗೆದು ಮತ್ತೆ ಹಾಕಿದರು. “ಹೊರಡು,” ಎಂದರು.

ಸುಮಾರು ಐವತ್ತು ಮೈಲಿ ಮಾತಿಲ್ಲ. ಹಾಗೆ ಪಕ್ಕದಲ್ಲಿ ಒಬ್ಬರು ಸುಮ್ಮನೆ ಕೂತಿರುವಾಗ ಕಾರು ಓಡಿಸುವುದು ಎಷ್ಟು ಕಷ್ಟ ಎಂದು ಅಂದು ತಿಳಿಯಿತು. ವಾಪಸ್ ತಿರುಗಿಸು ಎನ್ನುತ್ತಾರೆಂದು ಪ್ರತಿ ಎಕ್ಸಿಟ್ಟಿನಲ್ಲೂ ಕಾದೆ. ಅಳುತ್ತಿದ್ದಾರೋ ಎಂದು ಒಮ್ಮೆ ಕದ್ದು ನೋಡಿದೆ. ಅವರು ಹುಬ್ಬು ಗಂಟಿಕ್ಕಿ ಡ್ಯಾಶ್‌ಬೋರ್ಡಿನ ಕಡೆ ತಿರುಗಿದ್ದರು. ಅಂದರೆ ರಸ್ತೆಯನ್ನು ನೋಡುತ್ತಿದ್ದರು.

“ಭಾನುವಾರವೇ ಏಕೆ?” ಎಂದರು ಕೊನೆಗೆ.

“ಏನು ಮೇಡಂ?”

“ವಾರಕ್ಕೆ ಏಳು ದಿನ. ಹಿರಿಯರೆಲ್ಲ ಹದ್ದಿನ ಹಾಗೆ ಕಾಯುವ ದಿನವೇ ಆ ದಡ್ಡಿ ಏಕೆ ಮನೆ ಬದಲಿಸಿದಳು? ಆ ಡೆಟ್ರಾಯಿಟ್‌ನವನು ಮೂವತ್ತು ವರ್ಷದಲ್ಲಿ ಅದಕ್ಕೆ ಒಂದು ಸಾಲಿನ ಉತ್ತರ ಕೊಟ್ಟಿಲ್ಲ. ಅದಕ್ಕೇ ನಾನು ಒಪ್ಪಿರಲಿಲ್ಲ.”

ನನಗೆ ಅದರಲ್ಲಿ ಕಷ್ಟದ್ದೇನೂ ಕಾಣಲಿಲ್ಲ. “ನಾವು ಬಂದಮೇಲೆ ನಾಲ್ಕು ಸಲ ಮನೆ ಬದಲಿಸಿದ್ದೇವೆ,” ಎಂದೆ. “ನಾಲ್ಕೂ ಭಾನುವಾರವೇ. ಬೇರೆ ದಿನ ನನ್ನ ಗಂಡನಿಗೆ ಆಫೀಸು. ಮಂಚ ಎತ್ತಲು ಬರುವ ಸ್ನೇಹಿತರಿಗೂ ಆಫೀಸು. ಶನಿವಾರ ಎಲ್ಲರ ಮನೆಯಲ್ಲೂ ಏನಾದರೂ ಇರುತ್ತದೆ. ಭಾನುವಾರ ಬೆಳಿಗ್ಗೆ ಲಿಫ್ಟೂ ಖಾಲಿ. ಅವಳು ಬೇರೆಯವರ ಮನೆಯ ಆಳು ತಾನೆ? ಆರು ದಿನ ಅವಳದ್ದಲ್ಲ. ಅವಳದ್ದು ಅಂತ ಇದ್ದದ್ದು ಅದೊಂದೇ ದಿನ. ಆ ದಿನ ಊರೆಲ್ಲ ಚರ್ಚಿನೊಳಗೆ, ಬೀದಿ ಖಾಲಿ.”



“ಅವಳಿಗೆ ನಂಬಿಕೆ ಇರಲಿಲ್ಲ ಎಂದು ನಿನಗೆ ಅನ್ನಿಸುವುದಿಲ್ಲವೆ?”

“ನಂಬಿಕೆ ಇದ್ದರೂ ಹಾಸಿಗೆ, ಪಾತ್ರೆ ತಾವಾಗಿ ನಡೆದು ಬರುವುದಿಲ್ಲ ಮೇಡಂ.”

“ಮುಂದಿನ ಎಕ್ಸಿಟ್ ತಗೋ,” ಎಂದರು. “ಪೆನ್ನಿದೆಯಾ?”

ಒಂದು ಗ್ಯಾಸ್ ಸ್ಟೇಷನ್ನಿನ ಪಾರ್ಕಿಂಗಿನಲ್ಲಿ ಮುಕ್ಕಾಲು ಗಂಟೆ ಅವರು ಹೇಳಿದ್ದನ್ನು ನಾನು ಮಗಳ ಹೋಮ್‌ವರ್ಕ್ ಪುಸ್ತಕದ ಹಿಂದೆ ಬರೆದುಕೊಂಡೆ. ಒಂಬತ್ತನೆಯ ಪುಟದ ನಂತರದ್ದೆಲ್ಲ ಹೊಡೆದುಹಾಕಿಸಿದರು. ಅವರ ಮುಖ ಕೆಂಪಾಗಿತ್ತು. ಬೇಸರವೋ ಹುರುಪೋ ನನಗೆ ಗೊತ್ತಾಗಲಿಲ್ಲ. ನನಗಂತೂ ಒಳಗೊಳಗೇ ಬಹಳ ಖುಷಿಯಾಗಿತ್ತು, ಅದನ್ನು ತೋರಿಸಲು ನಾಚಿಕೆಯಾಗಿ ಎರಡು ಕಾಫಿ ತಂದೆ.

ಮರುದಿನ ಬೆಳಿಗ್ಗೆ ಹತ್ತು ಗಂಟೆಗೆ ಸಭೆ. ಇಪ್ಪತ್ತೈದು ಜನ ಇದ್ದರು. ಎರಡನೆಯ ಸಾಲಿನಲ್ಲಿ ಎತ್ತರದ, ಬಿಳಿ ಹುಬ್ಬಿನ ಮುದುಕರು, ಎರಡೂ ಕಿವಿಗೆ ಯಂತ್ರ. ಕೇಳದೆಯೇ ಅವರೇ ಎಂದು ಗೊತ್ತಾಯಿತು. ನಾನು ಓದಿದೆ. ಹಳೆಯ ದಾಖಲೆಯ ಸಾಲುಗಳು ಬಂದಾಗ ಖರ್ಬೂಜವನ್ನು ನೆನೆದು ಗಂಟಲಿನಿಂದ ಓದಿದೆ. ಆ ಮುದುಕರು ಮುಂದಕ್ಕೆ ಬಾಗಿ ಕೂತರು. ಒಂಬತ್ತನೆಯ ಪುಟ ಮುಗಿಯಿತು. ಪ್ರೊಫೆಸರ್ ಬರೆಸಿದ ಹೊಸ ವಾಕ್ಯ ಹೀಗಿತ್ತು: ಈ ಪದವನ್ನು ನಾನು ಮೂವತ್ತು ವರ್ಷ ತಪ್ಪಾಗಿ ಓದಿದ್ದೇನೆ, ಇದರಲ್ಲಿ ಎರಡು ಟಿ ಇದೆ, ಈಗ ಆ ಹೆಂಗಸು ಭಾನುವಾರ ಏಕೆ ಮನೆ ಬದಲಿಸಿದಳು ಎಂದು ನೋಡೋಣ. ವೇದಿಕೆಯಲ್ಲಿ ಪಕ್ಕದ ಕುರ್ಚಿಯಲ್ಲಿ ಕೂತಿದ್ದ ಅವರು ಹೊಸ ಸ್ವೆಟರಿನ ತೋಳು ಎಳೆದುಕೊಂಡರು, ಅಷ್ಟೇ.

ಪ್ರಶ್ನೆಗಳ ಹೊತ್ತಿಗೆ ಆ ಮುದುಕರು ಎದ್ದು ನಿಂತು ಜೇಬಿನಿಂದ ಮಡಿಸಿದ ಹಾಳೆಗಳನ್ನು ತೆಗೆದು, ಆ ಪದದಲ್ಲಿ ಎರಡು ಟಿ ಇರುವುದಕ್ಕೆ ಆಧಾರಗಳನ್ನು ಒಂದೊಂದಾಗಿ ಓದತೊಡಗಿದರು. ಯಾರಿಗೂ ಏನು ಮಾಡಬೇಕೆಂದು ತಿಳಿಯಲಿಲ್ಲ. ಅಧ್ಯಕ್ಷೆ ಮೆಲ್ಲಗೆ, “ಅವರು ಒಪ್ಪಿಕೊಂಡಿದ್ದಾರೆ,” ಎಂದರು.

“ಏನು?”

“ಒಪ್ಪಿಕೊಂಡಿದ್ದಾರೆ!”

“ಯಾರು?”

ನಾನು ವೇದಿಕೆಯಿಂದ ಇಳಿದು ಹೋಗಿ ಅವರ ಕಿವಿಯ ಹತ್ತಿರ, “ಎರಡು ಟಿ. ನೀವು ಹೇಳಿದ್ದು ಸರಿ,” ಎಂದು ಕೂಗಿದೆ. ಅವರು ಪ್ರೊಫೆಸರ್ ಕಡೆ ನೋಡಿದರು. ಪ್ರೊಫೆಸರ್ ಅವರನ್ನು ನೋಡಲು ಕಿಟಕಿಯ ಕಡೆ ತಿರುಗಿದ್ದರು. ಮುದುಕರು ಹಾಳೆಗಳನ್ನು ನಿಧಾನವಾಗಿ ಮಡಿಸಿದರು.

“ಇನ್ನೂ ಎರಡು ಪುಟ ಇತ್ತು,” ಎಂದು ಕೂತರು.

ಸಭೆ ಮುಗಿದಮೇಲೆ ನನ್ನ ಹತ್ತಿರ ಬಂದರು. “ನಿಮ್ಮದು ಸ್ಕಾಟ್ಲೆಂಡಿನ ಯಾವ ಕಡೆ?” ಎಂದು ಕೇಳಿದರು. ನನ್ನನ್ನು ಕಣ್ಣಾರೆ ನೋಡಿಯೇ ಕೇಳಿದರು.

“ಮೈಸೂರು,” ಎಂದೆ.

“ನನ್ನ ಅಜ್ಜಿ ಹೀಗೆ ಓದುತ್ತಿದ್ದರು. ಅಡುಗೆಮನೆಯಲ್ಲಿ, ಬೈಬಲ್. ಇವತ್ತು ನಿಮ್ಮ ಮಾತು ನನಗೆ ಅರ್ಧ ಕೇಳಿಸಲಿಲ್ಲ, ಆದರೆ ಆ ಸದ್ದು ಕೇಳಿಸಿತು.” ಕನ್ನಡಕ ತೆಗೆದು ಒರೆಸಿಕೊಂಡರು. ನಾನು ಬೇರೆ ಕಡೆ ನೋಡಿದೆ.

ಊಟಕ್ಕೆ ನಾವು ಕೂತ ಮೇಜಿಗೇ ಕುರ್ಚಿ ಎಳೆದುಕೊಂಡು ಆ ಮುದುಕರು ಕೂತರು. ನಾನು ನಡುವೆ. ಮೂವತ್ತು ವರ್ಷದ ನಂತರದ ಮೊದಲ ಮಾತು ಅವರಿಂದ ಬಂತು.

“ಸೂಪ್ ಹೇಗಿದೆ?”

“ಉಪ್ಪಿಲ್ಲ.”

ನಾನು ಅವರ ಕಿವಿಯಲ್ಲಿ, “ಉಪ್ಪಿಲ್ಲವಂತೆ,” ಎಂದೆ. ಅವರು ಉಪ್ಪನ್ನು ತಳ್ಳಿದರು. ಅದು ಎಲ್ಲಿದೆ ಎಂದು ನಾನು ಪ್ರೊಫೆಸರ್‌ಗೆ ಹೇಳಿದೆ.

“ನಿಜ ಹೇಳಬೇಕೆಂದರೆ,” ಎಂದರು ಅವರು, “ಬೈಯುತ್ತಿದ್ದ ನಿಮ್ಮ ಹೆಂಗಸೇ ನನಗೂ ಹೆಚ್ಚು ಇಷ್ಟವಾಗಿದ್ದಳು.”

“ಮತ್ತೆ ಮೂವತ್ತು ವರ್ಷ ಈ ರಗಳೆ ಏಕೆ?”

“ಎರಡು ಟಿ ಇತ್ತಲ್ಲ.”

ಪ್ರೊಫೆಸರ್ ಚಮಚ ಕೆಳಗಿಟ್ಟರು. ಮೊದಲು ಭುಜ ಅಲುಗಿತು, ಆಮೇಲೆ ಸದ್ದು ಬಂತು. ಅವರು ನಗುವುದನ್ನು ನಾನು ನೋಡಿದ್ದು ಅದೇ ಮೊದಲು. ಅವರು ನಕ್ಕದ್ದು ಆ ಮುದುಕರಿಗೆ ಕೇಳಿಸಿರಲಿಕ್ಕಿಲ್ಲ, ಆದರೆ ಕಾಣಿಸಿತು. ಅವರೂ ನಕ್ಕರು. ಆಮೇಲೆ ಮುಂದಿನ ಸಾಲಿನ ಇನ್ನೊಂದು ಪದದ ಬಗ್ಗೆ ವಾದ ಶುರುವಾಯಿತು. ಸಿಹಿ ಬರುವವರೆಗೆ ಅವರ ಮಾತನ್ನು ಇವರಿಗೆ, ಇವರ ಮಾತನ್ನು ಅವರಿಗೆ ಕೂಗಿ ಕೂಗಿ ನನ್ನ ಗಂಟಲು ಬಿದ್ದುಹೋಯಿತು.

ಆ ಚಳಿಗಾಲ ಪೂರ್ತಿ ಅಧ್ಯಾಯವನ್ನು ಮತ್ತೆ ಬರೆದೆವು. ಪ್ರಕಾಶಕರ ಕಡೆಯಿಂದ ಹಸ್ತಪ್ರತಿ ಓದಿದವರೊಬ್ಬರು, ಆಳುಮಕ್ಕಳು ಭಾನುವಾರ ಮನೆ ಬದಲಿಸುತ್ತಿದ್ದುದಕ್ಕೆ ಲೇಖಕಿ ಕೊಡುವ ಕಾರಣಗಳು ಒಪ್ಪುವಂತಿವೆ, ಆದರೆ ಆಧಾರ ಕಾಣುತ್ತಿಲ್ಲ ಎಂದು ಬರೆದರು. ಪ್ರೊಫೆಸರ್ ನನ್ನಿಂದಲೇ ಉತ್ತರ ಬರೆಸಿದರು: ಆಧಾರ ಶಾಮ್‌ಬರ್ಗ್‌ನಲ್ಲಿ ವಾಸವಾಗಿದೆ, ಆರೋಗ್ಯವಾಗಿದೆ, ಬೇಕಾದರೆ ಬಂದು ಕೇಳಬಹುದು. ಯಾರೂ ಬರಲಿಲ್ಲ. ಪುಸ್ತಕ ಅಚ್ಚಿಗೆ ಹೋಯಿತು.

ವಸಂತದಲ್ಲಿ ನನ್ನ ಪರ್ಮಿಟ್ ಬಂತು. ಈಗ ಇಟಾಸ್ಕಾದ ಒಂದು ಆಫೀಸಿನಲ್ಲಿ ಕೆಲಸ. ಅಲ್ಲಿ ನನ್ನ ‘ರ’ದ ಬಗ್ಗೆ ಯಾರಿಗೂ ಅಭಿಪ್ರಾಯವಿಲ್ಲ. ಶನಿವಾರ ಮಾತ್ರ ಡೌನರ್ಸ್ ಗ್ರೋವ್‌ಗೆ ಹೋಗುತ್ತೇನೆ. ಕಳೆದ ವಾರ ಹೋದಾಗ ಪ್ರೊಫೆಸರ್ ಫೋನಿನಲ್ಲಿದ್ದರು, ಮಿಷಿಗನ್ನಿನಿಂದ ಆ ಮುದುಕರೇ. ನನಗೆ ಕೈಸನ್ನೆಯಲ್ಲೇ ಕೂರಲು ಹೇಳಿ, ರಸ್ತೆಯವರೆಗೆ ಕೇಳಿಸುವಂತೆ ಅವರನ್ನು ಬೈಯುತ್ತಿದ್ದರು. ನಾನು ಕೋಟು ತೆಗೆದು ನೇತುಹಾಕಿ, ಟೀಗೆ ನೀರಿಟ್ಟೆ.